ಮಾಮಾನೇ ನನ್ನ ಪರ

ಕಲಬುರಗಿ ಹತ್ತಿರದ ನಂದೂರಿನಲ್ಲಿ ಒಂದು ದಾಲ್ ಮಿಲ್ಲಿನವರು ಶಿಸ್ತಿನ ವಿಚಾರಣೆಗೆ ವಿಚಾರಣಾಧಿಕಾರಿಯಾಗಿ ನನ್ನನ್ನು ಕರೆದಿದ್ದರು. ವಿಚಾರಣಾಧಿಕಾರಿ ಎಂದರೆ ನ್ಯಾಯಾಧೀಶನಲ್ಲ. ಎರಡೂ ಕಡೆಯವರ ಮಾತು ಕೇಳಿ, ಆರೋಪ ಸಾಬೀತಾಯಿತೋ ಇಲ್ಲವೋ ಎಂದು ಬರೆದುಕೊಡುವವನು, ಅಷ್ಟೇ. ಕಮಲಾಪುರದ ಶರಣು ಮಷೀನು ಚಾಲೂ ಇಟ್ಟು ಎದ್ದುಹೋಗಿದ್ದರಿಂದ ಬೆಲ್ಟ್ ಹರಿಯಿತು ಎಂಬುದು ಆರೋಪ. ಸಾಬೀತಾದರೆ ಅವನ ಕೆಲಸ ಹೋಗುತ್ತಿತ್ತು.

ನಿಯಮದಂತೆ ಅವನಿಗೆ ಹೇಳಿದೆ: “ನಿಮ್ಮ ಪರವಾಗಿ ಮಾತಾಡಲು ಜೊತೆಯ ಕೆಲಸಗಾರರೊಬ್ಬರನ್ನು ಸಹಾಯಕರಾಗಿ ಆರಿಸಿಕೊಳ್ಳಬಹುದು.”

“ನಮ್ಮ ಮಾಮಾ ಅದಾರಲ್ರಿ,” ಎಂದು ಮಿಲ್ಲಿನ ಸೂಪರ್‌ವೈಸರನ್ನು ತೋರಿಸಿದ. ಅವರು ಅವನ ತಾಯಿಯ ಅಣ್ಣ. ದೂರು ಕೊಟ್ಟವರೂ ಅವರೇ.

“ಅವರು ನಿಮ್ಮ ವಿರುದ್ಧದ ಸಾಕ್ಷಿ!”

“ಇರ್ಲಿ ಬಿಡ್ರಿ. ನಮ್ಮ ಮನಿ ಪಂಚಾಯ್ತಿ ಎಲ್ಲಾ ಅವರೇ ಬಗಿಹರಸ್ತಾರ.”

ಮಾಮಾ ಆಗಲೇ ಕುರ್ಚಿ ಎಳೆದುಕೊಂಡು ಅವನ ಪಕ್ಕ ಕೂತಿದ್ದರು.

ಸಾಕ್ಷಿಯೇ ಸಹಾಯಕನಾದರೆ ತನ್ನನ್ನು ತಾನೇ ಪ್ರಶ್ನಿಸಬೇಕಾಗುತ್ತದೆ ಎಂದು ವಿವರಿಸಿ, ವಿಚಾರಣೆ ಮುಂದೂಡಿದೆ.

ಮುಂದಿನ ಸಲ ಶರಣು, ಆ ದಿನ ಅಲ್ಲೇ ಬೇಳೆ ಹಸನು ಮಾಡುತ್ತಿದ್ದ ಮಹಾಗಾಂವದ ಕಸ್ತೂರಿಬಾಯಿಯನ್ನು ಕರೆತಂದ. ಆಕೆ ಮಾಮಾನನ್ನು ಕೇಳಿದಳು: “ಅಣ್ಣಾ, ಅವತ್ತ ‘ಮಷೀನ್ ನಾ ನೋಡ್ತೀನಿ, ನೀ ಚಾ ತಗೊಂಡ್ ಬಾ’ ಅಂತ ಇವನ್ನ ಕಳಿಸಿದವರು ಯಾರ್ರಿ?”

ಮಾಮಾ ಟವೆಲ್ಲಿನಿಂದ ಮುಖ ಒರೆಸಿಕೊಂಡರು. “ನಾನ,” ಎಂದರು.

“ಇದನ್ನು ಮೊದಲೇ ಯಾಕೆ ಹೇಳಲಿಲ್ಲ?” ಎಂದು ಶರಣುವನ್ನು ಕೇಳಿದೆ.

“ಮಾಮಾನ ಎದುರ ಹ್ಯಾಂಗ ಮಾತಾಡ್ಲಿ ಸಾಹೇಬ್ರ?”

ಆರೋಪ ಸಾಬೀತಾಗಿಲ್ಲ ಎಂದು ಬರೆದೆ. ಸಂಜೆ ಮಾಮಾ, ಶರಣು ಇಬ್ಬರೂ ಒಂದೇ ಬೈಕಿನಲ್ಲಿ ಕಮಲಾಪುರಕ್ಕೆ ಹೊರಟರು. ಅಲ್ಲಿ ಶರಣುವಿನ ತಾಯಿ ತನ್ನ ಅಣ್ಣನ ವಿಚಾರಣೆ ನಡೆಸಿರಬೇಕು. ಸಹಾಯಕರನ್ನು ಆರಿಸಿಕೊಳ್ಳಲು ಮಾಮಾನಿಗೆ ಅವಕಾಶ ಸಿಕ್ಕಿತೋ ಇಲ್ಲವೋ, ನನಗೆ ಗೊತ್ತಿಲ್ಲ.