ಕಾರ್ಯದರ್ಶಿಯವರು ಮರೆಯದ ಬೈಗುಳ

ಅಂದು ಮಳೆ ಬರುತ್ತಿತ್ತು ಎಂದು ಬರೆದು ಹೊಡೆದುಹಾಕಿದ್ದೇನೆ. ನೌಕರಿ ಹೋದ ದಿನವೆಂದರೆ ನೆನಪು ತಾನಾಗಿ ಮಳೆ ಸುರಿಸುತ್ತದೆ. ಚುರುಕು ಬಿಸಿಲೂ ಇದ್ದಿರಬಹುದು. ಹೊನ್ನಾವರದ ಒಂದು ಖಾಸಗಿ ಪ್ರೌಢಶಾಲೆಯಲ್ಲಿ ಸಮಾಜ ಪಾಠ ಹೇಳುತ್ತಿದ್ದೆ. ದಸರಾ ರಜೆ ಮುಗಿದ ಸೋಮವಾರ ಹೋದರೆ ಹಾಜರಿ ಪುಸ್ತಕದಲ್ಲಿ ನನ್ನ ಹೆಸರೇ ಇಲ್ಲ. ಆಡಳಿತ ಮಂಡಳಿಯ ಕಾರ್ಯದರ್ಶಿ, ಊರಲ್ಲಿ ಐಸ್ ಫ್ಯಾಕ್ಟರಿ ಇಟ್ಟವರು, ಸ್ಟಾಫ್ ರೂಮಿನಲ್ಲೇ ಕೂತಿದ್ದರು. ಏನೋ ಮಾತಾಯಿತು. ನನ್ನೂರು ಮುಟ್ಟಳ್ಳಿಗೆ, ಮನೆಗೆ ಬಂದೆ.

ಮಂಡಳಿ ಬೇರೆ ಕತೆ ಕಟ್ಟಿತು. ನನ್ನನ್ನು ಯಾರೂ ತೆಗೆದಿಲ್ಲವಂತೆ. ರಜೆ ಮುಗಿದ ಮೇಲೆ ನಾನೇ ಶಾಲೆಯ ಕಡೆ ಸುಳಿಯದೆ ಕೆಲಸ ಬಿಟ್ಟೆನಂತೆ. ಸಹೋದ್ಯೋಗಿಗಳಿಗೂ ಅಂದು ಸ್ಟಾಫ್ ರೂಮಿನಲ್ಲಿ ನಾನು ಕಂಡಿರಲಿಲ್ಲವಂತೆ. ಅವರಿಗೂ ಸಂಬಳ ಬೇಕಲ್ಲ.

ಕುಮಟೆಯ ವಕೀಲರು ನನ್ನ ಮೇಲ್ಮನವಿ ಬರೆದರು. ಅದರಲ್ಲಿ ನಾನು ಕೈಮುಗಿದು, ಕಣ್ಣೀರಿಟ್ಟು, ಕೆಲಸ ಉಳಿಸಿ ಎಂದು ಬೇಡಿಕೊಂಡಿದ್ದೆ. ಓದಿ ನನಗೇ ನನ್ನ ಮೇಲೆ ಕನಿಕರ ಬಂತು. ನಿಜಕ್ಕೂ ಅತ್ತೆನೇ ಎಂದು ಹೆಂಡತಿಯನ್ನು ಕೇಳಿದೆ.

"ಸಿಟ್ಟು ಬಂದ್ರೆ ನೀವು ಅಳೂದಲ್ಲ, ಲೋಟ ಒಡೆಯೂದು" ಎಂದಳು.

ಆದರೂ ಕೆಲವು ವಿಚಾರಣೆ ಕಳೆಯುವಷ್ಟರಲ್ಲಿ ಆ ಕಣ್ಣೀರು ಕೆನ್ನೆಯ ಮೇಲೆ ಇಳಿದದ್ದು ನನಗೆ ಸ್ಪಷ್ಟವಾಗಿ ನೆನಪಾಗತೊಡಗಿತು.

ಕಾರವಾರದ ನ್ಯಾಯಮಂಡಳಿಯಲ್ಲಿ ಕಾರ್ಯದರ್ಶಿಯವರ ಪಾಟೀಸವಾಲು ಬಂತು. ಆ ಸೋಮವಾರ ಮಾಸ್ತರರು ನಿಮ್ಮೆದುರು ಕೈಮುಗಿದು ಅತ್ತರೂ ನಿಮಗೆ ಕರುಣೆ ಬರಲಿಲ್ಲ, ಅಲ್ಲವೇ ಎಂದು ನಮ್ಮ ವಕೀಲರು ಕೇಳಿದರು. ಮಾಸ್ತರರು ಅಂದು ಬಂದೇ ಇರಲಿಲ್ಲ ಎಂದಿದ್ದರೆ ಸಾಕಿತ್ತು, ನನ್ನ ಕತೆ ಅಲ್ಲಿಗೆ ಮುಗಿಯುತ್ತಿತ್ತು. ಆದರೆ ಕಾರ್ಯದರ್ಶಿಯವರ ಕಿವಿ ಕೆಂಪಾಯಿತು.

"ಅತ್ರಾ? ಇವ್ರಾ? ಎಂತ ಹೇಳ್ತ್ರಿ ವಕೀಲ್ರೆ. ಎಲ್ಲರ ಎದ್ರಿಗೆ ನಿಂತ್ಕಂಡು, ನಿಮ್ಮ ಐಸ್ ಫ್ಯಾಕ್ಟರೀಲಿ ಬಂಗಡೆ ಮೀನಾದ್ರೂ ಕೊಳೀದೆ ಉಳೀತದೆ, ಈ ಶಾಲೇಲಿ ಮನ್ಸರೂ ಕೊಳೀತ್ರು ಅಂದ್ರು. ನಾ ಇವತ್ತಿಗೂ ಮರೀಲಿಲ್ಲ."

"ಎಲ್ಲಿ ನಿಂತು ಅಂದರು?"

"ಮತ್ತೆಲ್ಲಿ? ಸ್ಟಾಫ್ ರೂಮಲ್ಲಿ."

ಮಂಡಳಿಯ ವಕೀಲರು ಕಣ್ಣು ಮುಚ್ಚಿಕೊಂಡರು. ನಮ್ಮವರು ಮುಂದೆ ಒಂದು ಪ್ರಶ್ನೆಯನ್ನೂ ಕೇಳದೆ ಕೂತುಬಿಟ್ಟರು.

ಆ ಮಾತು ಆಡಿದ್ದು ನನಗೆ ನೆನಪಿಲ್ಲ. ಅಷ್ಟು ಚೆಂದ ಬೈಯಬಲ್ಲೆ ಎಂಬ ಧೈರ್ಯವೂ ಇಲ್ಲ. ಕಾರ್ಯದರ್ಶಿಯವರೇ ಮನೆಯಲ್ಲಿ ಕೂತು ತಿದ್ದಿ ತೀಡಿರಬೇಕು. ನಾನು ಅಂದು ಶಾಲೆಗೆ ಬಂದದ್ದು ಮಾತ್ರ ಅವರ ಬಾಯಿಂದಲೇ ಸಾಬೀತಾಯಿತು. ನನ್ನನ್ನು ಮರಳಿ ಸೇರಿಸಿಕೊಳ್ಳಬೇಕೆಂದು ಆದೇಶ ಬಂತು.

ಮಂಡಳಿ ಈಗ ಧಾರವಾಡದ ಹೈಕೋರ್ಟಿಗೆ ಹೋಗಿದೆ. ತಡೆಯಾಜ್ಞೆ ಸಿಗದ್ದರಿಂದ ನಾನು ಸದ್ಯ ಒಂಬತ್ತನೇ ತರಗತಿಗೆ ಪಾಠ ಮಾಡುತ್ತಿದ್ದೇನೆ. ಕಾರ್ಯದರ್ಶಿ ಎದುರಾದರೆ ಬಾಯಿ ಬಿಗಿದುಕೊಂಡೇ ದಾಟುತ್ತಾರೆ. ಅವರ ವಕೀಲರ ಅಪ್ಪಣೆಯಿರಬೇಕು. ಮೊನ್ನೆ ಮಾತ್ರ ಜಗಲಿಯಲ್ಲಿ ತಡೆದು, ಆಚೀಚೆ ನೋಡಿ, ಮೆಲ್ಲಗೆ ಕೇಳಿದರು.

"ಮಾಸ್ತರ್ರೆ, ನೀವು ಹಂಗೇ ಅಂದದ್ದಲ್ಲ? ನಾ ಹೇಳಿದ್ದು ಸರಿ ಇತ್ತಲ್ಲ?"

"ಹಂಗೇ ಅಂದದ್ದು" ಎಂದೆ. ಕೆಲಸ ಉಳಿಯಬೇಕಲ್ಲ.