ಸುಣ್ಣದಣ್ಣ ಹಾಕಿದ ಚುಕ್ಕೆ

ಗಿರಣಿ ಕ್ಲಬ್ಬಿನ ಮೈದಾನದಲ್ಲಿ ಮೂವತ್ತೆಂಟು ವರ್ಷ ಗೆರೆ ಎಳೆದ ಮನುಷ್ಯನಿಗೆ ಹೆತ್ತವರು ಇಟ್ಟ ಹೆಸರು ಗುರುತಿನ ಚೀಟಿಯಲ್ಲಿ ಮಾತ್ರ ಉಳಿದಿತ್ತು. ಆಟಗಾರರಿಗೆ, ರೆಫರಿಗಳಿಗೆ, ಹೆಂಡತಿಯ ತವರಿನ ಬೀದಿಯವರಿಗೂ ಆತ ಸುಣ್ಣದಣ್ಣ. ಮೊಣಕೈವರೆಗೆ ಬಿಳಿ, ಉಗುರಿನ ಸಂದಿಯಲ್ಲಿ ಬಿಳಿ, ಹುಬ್ಬಿನ ಮೇಲೂ ಬಿಳಿ. ಮದುವೆಯ ಫೋಟೋದಲ್ಲೂ ಕಿವಿಯ ಹಿಂದೆ ಸುಣ್ಣವಿದೆ ಎಂದು ಹೆಂಡತಿ ಇವತ್ತಿಗೂ ಬಂದವರಿಗೆಲ್ಲ ತೋರಿಸುತ್ತಾಳೆ.

ಅವನ ಆಸ್ತಿಯೆಂದರೆ ಎರಡು ಮರದ ಗೂಟ, ಒಂದು ಹಗ್ಗ, ಸುಣ್ಣ ಸುರಿಯುವ ತಳ್ಳುಗಾಡಿ. ಹಗ್ಗದ ಒಂದು ತುದಿಗೆ ಕಬ್ಬಿಣದ ಉಂಗುರ. ಅಲ್ಲಿಂದ ಮೂವತ್ತಾರು ಅಡಿಗೆ ಸರಿಯಾಗಿ ಒಂದು ಕೆಂಪು ಬಟ್ಟೆಯ ಚೂರು. ಉಂಗುರವನ್ನು ಗೋಲಿನ ಗೆರೆಯ ನಡುವೆ ಗೂಟಕ್ಕೆ ಸಿಕ್ಕಿಸಿ ಹಗ್ಗ ಎಳೆದರೆ, ಕೆಂಪು ಬಟ್ಟೆ ಬಂದು ನಿಂತ ಕಡೆ ಪೆನಾಲ್ಟಿ ಚುಕ್ಕೆ. ಬೇರೆ ಊರಿನ ತಂಡದವರು ಅವನನ್ನು ಕೆಣಕುವುದಿತ್ತು: ಏನಣ್ಣ, ನಿಮ್ಮೋರ ಕಣ್ಣಿಗೆ ಬೆಣ್ಣೆ, ನಮ್ಮ ಕಣ್ಣಿಗೆ ಸುಣ್ಣ ತಾನೆ? ಅವನ ಉತ್ತರ ಯಾವಾಗಲೂ ಒಂದೇ. ತನ್ನ ಹತ್ತಿರ ಇರುವುದು ಸುಣ್ಣ ಮಾತ್ರ, ಎರಡು ಕಡೆಗೂ ಅದನ್ನೇ ಹಚ್ಚುವುದು ಎನ್ನುತ್ತಿದ್ದ. ಹೇಳಿ ಎದೆಯುಬ್ಬಿಸುತ್ತಿದ್ದ. ಅವನಿಗಿದ್ದ ಜಂಬ ಅದೊಂದೇ, ಅದು ನ್ಯಾಯವಾದದ್ದೇ.

ರಾಷ್ಟ್ರೀಯ ಲೀಗ್ ಶುರುವಾದಾಗ ಇದ್ದದ್ದು ಎಂಟೇ ಕ್ಲಬ್ಬು, ಎಂಟೂ ದುಡಿಯುವ ಜನರವು. ರೈಲಿನವರದೊಂದು, ಗಿರಣಿಯವರದೊಂದು, ಬಂದರಿನವರದೊಂದು, ಪೊಲೀಸರದೊಂದು, ಅಂಚೆಯವರದೊಂದು, ಹೀಗೆ. ಬೆಳಿಗ್ಗೆ ಮೂಟೆ ಹೊತ್ತವನೇ ಮಧ್ಯಾಹ್ನ ಚೆಂಡು ಒದೆಯುತ್ತಿದ್ದ. ಮೊದಲ ಮೂರು ವರ್ಷದ ಕಪ್ಪೂ ಬಂದರಿನ ಕ್ಲಬ್ಬಿಗೆ ಹೋಯಿತು. ಆರನೆಯ ವರ್ಷದಿಂದ ಕಟ್ಟಳೆ ಬಿಗಿಯಾಯಿತು: ಪಟ್ಟಿಯ ಕೊನೆಯಲ್ಲಿ ನಿಂತವರು ಎರಡನೇ ದರ್ಜೆಗೆ ಇಳಿಯಬೇಕು. ಹಾಗೆ ಇಳಿದ ಪೊಲೀಸರು ಎರಡು ವರ್ಷದಲ್ಲಿ ಮೇಲೆದ್ದು ಬಂದರು, ಅಂಚೆಯವರು ಹೋದವರು ಹೋದರು. ಬಂದರಿನ ಕ್ಲಬ್ಬು ಮಾತ್ರ ಇಪ್ಪತ್ತೆರಡು ವರ್ಷ ಒಮ್ಮೆಯೂ ಇಳಿದಿರಲಿಲ್ಲ. ಅಲ್ಲಿನ ಮುದುಕರು ಅದನ್ನು ಮನೆತನದ ಮಾತೆಂಬಂತೆ ಹೇಳಿಕೊಳ್ಳುತ್ತಿದ್ದರು.

ಆ ಕ್ಲಬ್ಬಿನ ಗೋಲ್‌ಕೀಪರ್ ಸುಣ್ಣದಣ್ಣನ ಹೆಂಡತಿಯ ತಮ್ಮ. ಇಪ್ಪತ್ತಾರು ವರ್ಷದ ಹುಡುಗ, ಉದ್ದ ಕೈ, ಮಾತು ಕಡಿಮೆ. ಚೆಂಡು ಒದೆಯುವವನ ಸೊಂಟ ನೋಡಿಯೇ ಅದು ಯಾವ ಕಡೆ ಬರುತ್ತದೆಂದು ಹೇಳುತ್ತಿದ್ದ. ದೇಶದ ತಂಡಕ್ಕೆ ಅವನನ್ನು ಕರೆಯುತ್ತಾರೆಂಬ ಸುದ್ದಿಯೂ ಇತ್ತು. ಭಾವನ ಮನೆಗೆ ಊಟಕ್ಕೆ ಬಂದರೆ ಇಬ್ಬರೂ ತಟ್ಟೆಯ ಸುತ್ತ ಉಪ್ಪಿನ ಡಬ್ಬಿಯನ್ನೂ ಲೋಟವನ್ನೂ ಸರಿಸಿ ಸರಿಸಿ ಗೋಲು ತಡೆಯುವ ಬಗೆ ಚರ್ಚಿಸುವರು. ಆಟ ಮುಗಿದ ಮೇಲೆ ಊಟ ಮಾಡಿ ಎಂದು ಅಕ್ಕ ಪಾತ್ರೆ ಎತ್ತಿಕೊಂಡು ಹೋಗುವಳು.

ಇಪ್ಪತ್ತಮೂರನೆಯ ವರ್ಷದ ಕೊನೆಯ ಶನಿವಾರ ಲೆಕ್ಕ ಹೀಗೆ ಬಂದು ನಿಂತಿತು: ಗಿರಣಿ ಮತ್ತು ಬಂದರು, ಇಬ್ಬರಲ್ಲಿ ಒಬ್ಬರು ಇಳಿಯಬೇಕು. ಬಂದರಿಗೆ ಸಮ ಸಾಕು, ಗಿರಣಿಗೆ ಗೆಲುವೇ ಬೇಕು. ಆಟ ಗಿರಣಿಯ ಮೈದಾನದಲ್ಲಿ. ಹಿಂದಿನ ದಿನ ಸುಣ್ಣದಣ್ಣ ಉಗ್ರಾಣದಿಂದ ಹಗ್ಗ ತೆಗೆದರೆ ಉಂಗುರಕ್ಕೂ ಕೆಂಪು ಬಟ್ಟೆಗೂ ನಡುವೆ ಇಲಿ ಕಡಿದಿತ್ತು. ಕಡಿದ ಎಳೆಯನ್ನು ಕತ್ತರಿಸಿ ಎಸೆದು ಎರಡು ತುದಿ ಸೇರಿಸಿ ಗಂಟು ಹಾಕಿದ. ಗಂಟು ಹಾಕಿದರೆ ಹಗ್ಗ ಮೋಟಾಗುತ್ತದೆ ಎನ್ನುವುದು ಮಗುವಿಗೂ ಗೊತ್ತು, ಅವನಿಗೆ ಗೊತ್ತಿಲ್ಲದೆ ಏನು? ಉಕ್ಕಿನ ಟೇಪು ಕಾರ್ಯದರ್ಶಿಯ ಕಪಾಟಿನಲ್ಲಿತ್ತು, ಕಾರ್ಯದರ್ಶಿ ಮನೆಗೆ ಹೋಗಿದ್ದ. ನಾಳೆಗೆ ಹಗ್ಗವೇ ಬೇಡ, ಹಳೆಯ ಗೆರೆಗಳೆಲ್ಲ ಕಾಣುತ್ತಿವೆ, ಅವುಗಳ ಮೇಲೇ ಸುಣ್ಣ ಸುರಿದರಾಯಿತು, ಸೋಮವಾರ ಹೊಸ ಹಗ್ಗ ಅಳೆದು ಕಟ್ಟೋಣ ಎಂದುಕೊಂಡ.

ಶನಿವಾರ ಮೊದಲಾರ್ಧದಲ್ಲಿ ಮಳೆ ಸುರಿದು ಊರ ಕಡೆಯ ಗೋಲಿನ ಮುಂದೆ ಬರೀ ಕೆಸರಾಯಿತು. ವಿರಾಮದಲ್ಲಿ ರೆಫರಿ ಅವನನ್ನು ಕರೆದು ಅಲ್ಲಿ ಚುಕ್ಕೆಯೇ ಇಲ್ಲ, ಬೇಗ ಹಾಕು ಎಂದ. ಇದ್ದದ್ದು ಹತ್ತು ನಿಮಿಷ. ಸುಣ್ಣದಣ್ಣ ಹಗ್ಗ ಹಿಡಿದು ಓಡಿದ. ಉಂಗುರ ಸಿಕ್ಕಿಸಿದ, ಎಳೆದ, ಕೆಂಪು ಬಟ್ಟೆ ನಿಂತ ಕಡೆ ಎರಡು ಹಿಡಿ ಸುಣ್ಣ ಸುರಿದು ಅಂಗೈಯಿಂದ ಒತ್ತಿದ. ಗಂಟಿನ ನೆನಪು ಅವನಿಗೆ ಬರಲೇ ಇಲ್ಲ. ಹತ್ತಾರು ವರ್ಷ ಕಣ್ಣು ಮುಚ್ಚಿ ಮಾಡಿದ ಕೆಲಸಕ್ಕೆ ಯಾರು ಯೋಚನೆ ಮಾಡುತ್ತಾರೆ?

ಆಟ ಮುಗಿಯಲು ಆರು ನಿಮಿಷವಿದ್ದಾಗ ಗಿರಣಿಗೆ ಪೆನಾಲ್ಟಿ ಸಿಕ್ಕಿತು, ಅದೇ ಗೋಲಿಗೆ. ಭಾವಮೈದುನ ಗೆರೆಯ ಮೇಲೆ ನಿಂತು ಚೆಂಡನ್ನು ನೋಡಿದ. ನೋಡಿ ಮುಂದೆ ಬಂದು ರೆಫರಿಗೆ ಚುಕ್ಕೆ ಹತ್ತಿರವಿದೆ ಎಂದ. ರೆಫರಿ ಹಿಂದಕ್ಕೆ ಹೋಗೆಂದು ಕೈ ಮಾಡಿದ. ಎರಡನೇ ಸಲ ಹೇಳಿದ್ದಕ್ಕೆ ಹಳದಿ ಚೀಟಿ ತೋರಿಸಿದ. ಗಿರಣಿಯವರು ಗೊಳ್ಳೆಂದು ನಕ್ಕರು. ಹುಡುಗ ಸರಿಯಾದ ಕಡೆಗೇ ಹಾರಿದ, ಚೆಂಡು ಅವನ ಬೆರಳ ತುದಿಗೆ ತಾಗಿಯೇ ಒಳಗೆ ಹೋಯಿತು. ಒಂದು ಗೋಲಿನಿಂದ ಗಿರಣಿ ಉಳಿಯಿತು, ಬಂದರು ಇಳಿಯಿತು.

ಆಟವಾದ ಮೇಲೂ ಹುಡುಗ ಅದನ್ನೇ ಹೇಳಿದ: ಚುಕ್ಕೆ ಹತ್ತಿರವಿತ್ತು. ಪತ್ರಿಕೆಯವನೊಬ್ಬ ನೇರವಾಗಿ ಸುಣ್ಣದಣ್ಣನ ಹತ್ತಿರ ಬಂದು, ನಿಮ್ಮ ಭಾವಮೈದುನ ಹೀಗೆನ್ನುತ್ತಾನಲ್ಲ ಎಂದ. ಸುಣ್ಣದಣ್ಣನಿಗೆ ಎಲ್ಲಿಲ್ಲದ ಸಿಟ್ಟು ಬಂತು. ಏನು ಬೇಕಾದರೂ ಅನ್ನಲಿ, ಅಳತೆಯ ಮಾತೆತ್ತಬಹುದೇ? ಅದೂ ಮನೆಯವನೇ?

"ಕುಣಿಯಲಾರದವಳು ನೆಲ ಡೊಂಕು ಅಂದಳಂತೆ," ಎಂದುಬಿಟ್ಟ.

ಭಾನುವಾರ ಅದು ದಪ್ಪ ಅಕ್ಷರದಲ್ಲಿ ಅಚ್ಚಾಯಿತು. ಸ್ವಂತ ಭಾವನೇ ಹೀಗೆಂದ ಮೇಲೆ ಬೇರೆಯವರು ಬಿಡುತ್ತಾರೆಯೇ? ಸಂಜೆಯ ಹೊತ್ತಿಗೆ ಹುಡುಗನಿಗೆ ಡೊಂಕಣ್ಣ ಎಂಬ ಹೆಸರು ಅಂಟಿತ್ತು.

ಸೋಮವಾರ ಬೆಳಿಗ್ಗೆ ಕಾರ್ಯದರ್ಶಿಯ ಕಪಾಟಿನಿಂದ ಟೇಪು ತಂದು, ಹೊಸ ಹಗ್ಗಕ್ಕೆ ಗುರುತು ಮಾಡಲೆಂದು ಸುಣ್ಣದಣ್ಣ ಹಳೆಯದನ್ನು ಪಕ್ಕದಲ್ಲಿ ಹಾಸಿದ. ಕೆಂಪು ಬಟ್ಟೆ ಮೂವತ್ತಾರಕ್ಕೆ ಬರಲಿಲ್ಲ, ಮೂವತ್ತನಾಲ್ಕೂವರೆಗೆ ನಿಂತಿತು. ಮೂರು ಸಲ ಅಳೆದ. ಎರಡು ಗೇಣು ಕಮ್ಮಿ. ಅಲ್ಲೇ ಹುಲ್ಲಿನ ಮೇಲೆ ಕುಳಿತ. ಆಮೇಲೆ ಅವನು ಮಾಡಿದ್ದನ್ನು ಇದ್ದ ಹಾಗೇ ಹೇಳಬೇಕು, ಮುಚ್ಚಿಟ್ಟು ಪ್ರಯೋಜನವಿಲ್ಲ. ಸುತ್ತ ಯಾರೂ ಇಲ್ಲವೆಂದು ನೋಡಿಕೊಂಡು ಹಳೆಯ ಹಗ್ಗವನ್ನು ಎಲೆ ಸುಡುವ ಗುಂಡಿಗೆ ಹಾಕಿದ. ಊರ ಕಡೆಯ ಚುಕ್ಕೆಯನ್ನು ಗುದ್ದಲಿಯಿಂದ ಅಗೆದು ಹೊಸ ಹುಲ್ಲು ನೆಟ್ಟ.

ಕೆಲಸ ಹೋದೀತೆಂದು ಹೆದರಿದ್ದು ನಿಜ. ಭಾವ ಚುಕ್ಕೆ ಸರಿಸಿದ, ಭಾವಮೈದುನ ಚೆಂಡು ಬಿಟ್ಟ, ಇಬ್ಬರೂ ಸೇರಿ ಆಟ ಮಾರಿಕೊಂಡರು ಎನ್ನುತ್ತಾರೆಂದು ಹೆದರಿದ್ದೂ ನಿಜ. ಆದರೆ ಹೆದರಿಕೆಯೆಲ್ಲ ಮೊದಲ ಕೆಲವು ವಾರದ್ದು. ಮುಂದಿನ ವಾರ ಹೇಳೋಣ, ಕಾವು ಆರಲಿ ಎಂದುಕೊಂಡ. ವಾರ ತಿಂಗಳಾಯಿತು, ತಿಂಗಳು ವರ್ಷವಾಯಿತು. ಆಮೇಲಿನದು ಬರೀ ನಾಚಿಕೆ.

ಹುಡುಗ ಆ ವರ್ಷವೇ ಆಟ ಬಿಟ್ಟು ಗಾಜಿನ ಅಂಗಡಿಗೆ ಸೇರಿದ. ಬಂದರಿನ ಕ್ಲಬ್ಬು ಎರಡನೇ ದರ್ಜೆಯಲ್ಲಿ ಮೂರು ವರ್ಷ ಏದುಸಿರು ಬಿಟ್ಟು ಬಾಗಿಲು ಹಾಕಿತು, ಅದರ ಮೈದಾನದಲ್ಲಿ ಈಗ ಕಂಟೇನರ್ ಪೆಟ್ಟಿಗೆಗಳು ನಿಂತಿವೆ. ಗಿರಣಿ ಕ್ಲಬ್ಬು ಎರಡು ವರ್ಷದ ನಂತರ ಕಪ್ಪು ಗೆದ್ದಿತು, ಮತ್ತೆ ಮೂರು ಸಲ ಗೆದ್ದಿತು. ಗಿರಣಿ ಮುಚ್ಚಿದರೂ ಕ್ಲಬ್ಬು ಉಳಿಯಿತು. ದೊಡ್ಡವರು ಕೊಂಡರು, ದೀಪದ ಕಂಬ ಬಂದವು, ಟಿವಿ ಬಂತು. ಕೊನೆಗೆ ಗೆರೆಗಳನ್ನು ಒಳಗೇ ಹೊಲಿದು ತಂದ ಪ್ಲಾಸ್ಟಿಕ್ ಹುಲ್ಲೂ ಬಂತು. ಕ್ಲಬ್ಬಿನ ಮುಂಬಾಗಿಲಲ್ಲಿ ಆ ಪೆನಾಲ್ಟಿಯ ಫೋಟೋ ಗೋಡೆಯಗಲಕ್ಕೆ ತೂಗುತ್ತದೆ. ಗಾಳಿಯಲ್ಲಿ ಚಾಚಿದ ಹುಡುಗನ ಕೈ, ಅದರಾಚೆ ಚೆಂಡು. ಸುಣ್ಣದಣ್ಣ ನಿವೃತ್ತನಾಗುವವರೆಗೂ ಪಕ್ಕದ ಬಾಗಿಲಿನಿಂದಲೇ ಓಡಾಡಿದ. ಭಾವಮೈದುನ ಮನೆಗೆ ಬಂದಾಗ ಅಕ್ಕ ಬಡಿಸುವಳು, ಭಾವ ತಲೆ ತಗ್ಗಿಸಿ ಉಣ್ಣುವನು. ಉಪ್ಪಿನ ಡಬ್ಬಿಯನ್ನು ಯಾರೂ ಸರಿಸುತ್ತಿರಲಿಲ್ಲ.

ಲೀಗಿಗೆ ಐವತ್ತು ತುಂಬಿದಾಗ ಅದರ ಇತಿಹಾಸ ಬರೆಯಲು ಪತ್ರಕರ್ತೆಯೊಬ್ಬಳು ಮನೆಗೆ ಬಂದಳು. ಬಂದರಿನ ಕ್ಲಬ್ಬಿನ ಪತನಕ್ಕೆ ಒಂದು ಅಧ್ಯಾಯವಿತ್ತು, ತಲೆಬರಹ ಅವನದೇ ಗಾದೆ. ಓದಿ ತೋರಿಸಿ, ಸರಿಯಾಗಿದೆಯಾ ಸರ್ ಎಂದು ಕೇಳಿದಳು. ಸುಣ್ಣದಣ್ಣನಿಗೆ ಆಗ ಅರವತ್ತೊಂದು. ಪುಸ್ತಕವಾದರೆ ಆ ಮಾತು ಭಾವಮೈದುನ ಸತ್ತ ಮೇಲೂ ಉಳಿಯುತ್ತದೆ, ಅವನ ಮಕ್ಕಳೂ ಓದುತ್ತಾರೆ.

"ಆ ಮಾತು ತೆಗೆದುಬಿಡಿ ತಾಯಿ," ಎಂದ. "ನೆಲ ಡೊಂಕೇ ಇತ್ತು. ಡೊಂಕು ಮಾಡಿದ್ದು ನಾನು."

ಎಲ್ಲ ಹೇಳಿದ. ಅವಳು ತಲೆಯೆತ್ತದೆ ಬರೆದುಕೊಂಡಳು. ಆ ಹಗ್ಗ ಇದೆಯಾ ಎಂದು ಕೇಳಿದಳು, ಸುಟ್ಟೆ ಎಂದ. ಆ ಜಾಗ? ಅಗೆದೆ ಎಂದ. ನೋಡಿದವರು? ಯಾರೂ ಇಲ್ಲ. ಇಷ್ಟು ವರ್ಷ ಯಾಕೆ ಹೇಳಲಿಲ್ಲ ಎಂದಾಗ, ನಾಚಿಕೆ ತಾಯಿ ಎಂದ. ಒಳಗೆ ಅಡುಗೆಮನೆಯಲ್ಲಿ ಪಾತ್ರೆಯ ಸದ್ದು ನಿಂತುಹೋಗಿತ್ತು. ಅವಳು ಹೋದ ಮೇಲೆ ಹೆಂಡತಿ ಹೊರಗೆ ಬಂದು ಅವನನ್ನು ನೋಡಿದಳು, ಅವನ ಮುಂದಿದ್ದ ಲೋಟ ಎತ್ತಿಕೊಂಡು ಒಳಗೆ ಹೋದಳು.

ಪತ್ರಕರ್ತೆ ಪ್ರಾಮಾಣಿಕಳು, ನಾಲ್ಕು ಕಡೆ ವಿಚಾರಿಸಿದಳು. ಹಳೆಯ ಕಾರ್ಯದರ್ಶಿ ನಕ್ಕುಬಿಟ್ಟ: ಆ ಮನುಷ್ಯನ ಕೈಯಲ್ಲಿ ಅಳತೆ ತಪ್ಪುವುದೇ, ಭಾವಮೈದುನನ ಮಾನ ಉಳಿಸಲು ಮುದುಕ ಕಥೆ ಕಟ್ಟುತ್ತಿದ್ದಾನೆ. ಆ ದಿನದ ರೆಫರಿ, ಚುಕ್ಕೆ ತಪ್ಪಿದ್ದರೆ ನನಗೆ ಕಾಣುತ್ತಿರಲಿಲ್ಲವೇ ಎಂದು ಕಾಗದ ಬರೆದ. ಎರಡು ವಾರಕ್ಕೆ ಅವಳು ತಿದ್ದಿದ ಪುಟ ಕಳಿಸಿದಳು. ಗಾದೆ ಹಾಗೇ ಇತ್ತು. ಕೆಳಗೆ ಒಂದು ಸಾಲು ಸೇರಿತ್ತು: ಇಳಿವಯಸ್ಸಿನಲ್ಲಿ ಆ ತಪ್ಪನ್ನು ತನ್ನ ತಲೆಯ ಮೇಲೆ ಹೊತ್ತುಕೊಳ್ಳಲು ಮುಂದಾದ ಭಾವನ ದೊಡ್ಡ ಮನಸ್ಸಿಗೆ ಲೀಗಿನ ಇತಿಹಾಸದಲ್ಲಿ ಸಾಟಿಯಿಲ್ಲ. ಸುಣ್ಣದಣ್ಣ ಆ ಕಾಗದವನ್ನು ಮಡಚಿ ಜೇಬಿಗೆ ಹಾಕಿಕೊಂಡು ಗಾಜಿನ ಅಂಗಡಿಗೆ ಹೊರಟ. ನಂಬಬೇಕಾದವನು ಒಬ್ಬ ನಂಬಿದರೆ ಸಾಕು.

ಅಂಗಡಿಯಲ್ಲಿ ಭಾವಮೈದುನ ಕಂಬಳಿ ಹಾಸಿದ ಮೇಜಿನ ಮೇಲೆ ಕಿಟಕಿಯ ಗಾಜೊಂದನ್ನು ಮಲಗಿಸಿಕೊಂಡು ನಿಂತಿದ್ದ. ಭಾವನನ್ನು ಕಂಡು ಸ್ಟೂಲು ಒರೆಸಿ ಹಾಕಿದ. ಆ ಮೇಡಂ ತನಗೂ ಫೋನ್ ಮಾಡಿದ್ದರೆಂದ. ಅವನ ಕಣ್ಣು ತುಂಬಿತ್ತು.

"ಇಷ್ಟು ವರ್ಷ ಆದ್ಮೇಲೂ ನನಗೋಸ್ಕರ ಸುಳ್ಳು ಹೇಳೋಕೆ ಹೊರಟ್ರಲ್ಲ ಭಾವ."

"ಸುಳ್ಳಲ್ಲ ಕಣೋ. ಹಗ್ಗ ಎರಡು ಗೇಣು ಕಮ್ಮಿ ಇತ್ತು. ನಾನೇ ಅಳೆದು ನೋಡಿದೆ, ನಾನೇ ಸುಟ್ಟೆ."

ಭಾವಮೈದುನ ನಕ್ಕ. ಮಗುವನ್ನು ಸಮಾಧಾನ ಮಾಡುವವನ ನಗು ಅದು.

"ಬಿಡಿ ಭಾವ. ಆವತ್ತು ಒಂದು ದಿನ ನಾನೂ ಹಾಗೇ ಅಂದ್ಕೊಂಡಿದ್ದೆ. ಭಾನುವಾರ ಪೇಪರಲ್ಲಿ ನಿಮ್ಮ ಮಾತು ಓದಿದೆ. ಊರೋರು ಏನಂದ್ರೂ ನಂಬ್ತಿರ್ಲಿಲ್ಲ, ನೀವೇ ಅಂದ್ಮೇಲೆ ನನ್ನ ಕಣ್ಣೇ ಸರಿ ಇಲ್ಲ ಅಂತ ಗೊತ್ತಾಯ್ತು. ಗೊತ್ತಾಗಿದ್ದು ಒಳ್ಳೇದೇ ಆಯ್ತು."

ಸುಣ್ಣದಣ್ಣ ಅವನ ಎರಡೂ ಕೈ ಹಿಡಿದುಕೊಂಡು ಮತ್ತೆ ಮೊದಲಿನಿಂದ ಹೇಳಿದ: ಇಲಿ, ಗಂಟು, ಕೆಸರು. ಭಾವಮೈದುನ ತಲೆಯಾಡಿಸುತ್ತಾ ಕೇಳಿದ. ಪೂರ್ತಿ ಕೇಳಿದ ಮೇಲೆ, ಅಕ್ಕನಿಗೆ ಹೇಳಿ ಒಮ್ಮೆ ಡಾಕ್ಟರಿಗೆ ತೋರಿಸಿಕೊಳ್ಳಿ, ವಯಸ್ಸಾಯಿತು, ಸುಮ್ಮನೆ ಇಲ್ಲದ್ದನ್ನು ತಲೆಗೆ ಹಚ್ಚಿಕೊಳ್ಳಬೇಡಿ ಎಂದ. ಆಮೇಲೆ ಮೆಲ್ಲನೆ ಕೈ ಬಿಡಿಸಿಕೊಂಡು ಮೇಜಿನ ಕಡೆ ತಿರುಗಿದ. ಗಾಜಿನ ಮೇಲೆ ಪೆನ್ನಿನಿಂದ ಗೆರೆ ಎಳೆದಾಗಿತ್ತು, ಕೊಯ್ಯುವುದೊಂದೇ ಬಾಕಿ. ಅವನು ಕೊಯ್ಯಲಿಲ್ಲ. ಪಕ್ಕದ ಅಂಗಡಿಯವನು ಇನ್ನೂ ಬಂದಿಲ್ಲ, ದಿನಾ ಅವನೇ ನೋಡಿ ಹೇಳುವುದು ಎನ್ನುತ್ತಾ ಟೇಪನ್ನು ಭಾವನ ಕೈಗೆ ಕೊಟ್ಟ.

"ಈ ಅಳತೆ ಸ್ವಲ್ಪ ನೋಡಿ. ನನ್ನ ಕಣ್ಣನ್ನ ನಾನು ನಂಬಲ್ಲ."

ಸುಣ್ಣದಣ್ಣ ಅಳೆದ. ಗೆರೆ ಕೂದಲೆಳೆಯಷ್ಟೂ ತಪ್ಪಿರಲಿಲ್ಲ. ಸರಿ ಇದೆ ಎಂದ.

"ಇನ್ನೊಂದ್ ಸಲ ನೋಡಿ ಭಾವ," ಎಂದ ಭಾವಮೈದುನ.