ಹಚ್ಚೆಯ ಕೈಗೆ ಕಟ್ಟಿದ ವಾಚು

ಯಂತ್ರ ತಪ್ಪು ತೋರಿಸಿದರೆ ಅದಕ್ಕೆ ಎಲ್ಲೋ ಒಂದು ಕಾರಣ ಇದ್ದೇ ಇರುತ್ತದೆ, ಹುಡುಕುವ ತಾಳ್ಮೆ ಬೇಕು ಅಷ್ಟೆ ಎಂದುಕೊಂಡಿದ್ದವಳು ನಾನು. ಮಿಕ್ಸಿ ನಿಂತರೂ ಫೋನು ಮುನಿಸಿಕೊಂಡರೂ ನಮ್ಮ ಮನೆಯಲ್ಲಿ ಮೊದಲು ನನ್ನ ಕೈಗೇ ಬರುತ್ತಿತ್ತು. ಕಾರಣವೇ ಇಲ್ಲದೆ ಏನೋ ನಡೆಯಿತೆಂದು ಯಾರಾದರೂ ಹೇಳಿದರೆ ಮರ್ಯಾದೆಗೆ ಕೇಳಿಸಿಕೊಂಡು ಒಳಗೊಳಗೆ ನಗುತ್ತಿದ್ದೆ. ಇದನ್ನು ಓದಿ ನೀವೂ ಹಾಗೆ ನಕ್ಕರೆ ನನಗೆ ಬೇಸರವಿಲ್ಲ.

ನಮ್ಮದು ಪಿರಿಯಾಪಟ್ಟಣ ತಾಲ್ಲೂಕು, ಹಾರನಹಳ್ಳಿಯ ಹತ್ತಿರ. ಕೆಲವು ವರ್ಷಗಳ ಹಿಂದೆ ನಮ್ಮ ಅತ್ತೆ ಕೊಟ್ಟಿಗೆಯಲ್ಲಿ ಹಾಲು ಕರೆಯುತ್ತಾ ತಲೆಸುತ್ತಿ ಬಿದ್ದರು. ಮೈಸೂರಿನ ಡಾಕ್ಟರು ಪರೀಕ್ಷೆ ಮಾಡಿ, ಸದ್ಯಕ್ಕೆ ಏನೂ ಕಾಣುತ್ತಿಲ್ಲ, ಆದರೆ ಎದೆಬಡಿತ ನಲವತ್ತಕ್ಕಿಂತ ಕೆಳಗೆ ಹೋದರೆ ತಡ ಮಾಡದೆ ಕರೆದುಕೊಂಡು ಬನ್ನಿ ಎಂದರು. ನನ್ನ ನಾದಿನಿ ಬಡಿತ ಎಣಿಸುವ ವಾಚೊಂದನ್ನು ತಂದು ತನ್ನ ಅವ್ವನ ಎಡಗೈಗೆ ಕಟ್ಟಿ ಹೋದಳು.

ಆ ಕೈಯಲ್ಲಿ ಅದು ಎರಡು ಗೆರೆ ಬಿಟ್ಟು ಬೇರೇನೂ ತೋರಿಸಲಿಲ್ಲ. ಪಟ್ಟಿ ಬಿಗಿ ಮಾಡಿದೆ, ಸಡಿಲ ಮಾಡಿದೆ. ಹಿಂಬದಿಯ ಗಾಜಿಗೆ ಅಂಟಿದ್ದ ರಾಗಿಹಿಟ್ಟು ಒರೆಸಿದೆ. ಮಣಿಕಟ್ಟಿನ ಮೂಳೆಯಿಂದ ಸ್ವಲ್ಪ ಮೇಲಕ್ಕೆ ಸರಿಸಿದೆ, ಆಫ್ ಮಾಡಿ ಆನ್ ಮಾಡಿದೆ. ಕೊನೆಗೆ ಫೋನಿನಲ್ಲಿ ಹುಡುಕಿದಾಗ ಕಾರಣ ಸಿಕ್ಕಿತು. ಅತ್ತೆಯ ಎಡಗೈಯಲ್ಲಿ ಮಣಿಕಟ್ಟಿನಿಂದ ಮೊಳಕೈವರೆಗೆ ದಟ್ಟವಾದ ಹಚ್ಚೆ. ವಾಚಿನ ಅಡಿಯಲ್ಲಿ ಮಿನುಗುವ ಹಸಿರು ಬೆಳಕು ಚರ್ಮದೊಳಗೆ ಹೋಗಿ ರಕ್ತದ ಏರಿಳಿತ ನೋಡಬೇಕು. ಹಚ್ಚೆಯ ಬಣ್ಣ ಆ ಬೆಳಕನ್ನು ಅಲ್ಲೇ ತಡೆದುಬಿಡುತ್ತದಂತೆ. ಬಲಗೈಗೆ ಕಟ್ಟಿದೊಡನೆ ಅರವತ್ತೆಂಟು ಎಂದಿತು. ನನಗೋ ಪರೀಕ್ಷೆ ಪಾಸಾದ ಖುಷಿ.

"ನಿಮ್ಮ ಹಚ್ಚೆಯಿಂದಲೇ ಇಷ್ಟೆಲ್ಲ ಆಗಿದ್ದು ಅತ್ತೆ," ಎಂದೆ.

"ಅದ್ನ ಬೈಬ್ಯಾಡ ಕಣವ್ವ," ಎಂದರು. "ಸತ್ತಾಗ ಓಲೆ ಬಿಚ್ಕತೀರಿ, ಬಳೆ ಬಿಚ್ಕತೀರಿ. ಇದ್ನ ಬಿಚ್ಚಕಾಯ್ತದಾ?"

ಅವರೆಕಾಯಿ ಕಾಲ. ಒಂದು ಬೆಳಿಗ್ಗೆ ಅತ್ತೆ ಜಗಲಿಯ ಬಿಸಿಲಿಗೆ ಕೂತು ನೆನೆಹಾಕಿದ ಅವರೆಕಾಳನ್ನು ಹಿತುಕುತ್ತಿದ್ದರು. ಬಲಗೈ ನೀರಲ್ಲಿ ಅದ್ದಬೇಕಲ್ಲ, ವಾಚು ಕೆಟ್ಟೀತೆಂದು ತಾವೇ ಬಿಚ್ಚಿ ಎಡಗೈಗೆ ಕಟ್ಟಿಕೊಂಡಿದ್ದರು. ಕಾಫಿ ಕೊಡಲು ಹೋದಾಗ ನನ್ನ ಕಣ್ಣು ಅದರ ಮೇಲೆ ಬಿತ್ತು. ಗೆರೆಗಳಿರಲಿಲ್ಲ. ಮೂವತ್ತಾರು ಎಂದಿತ್ತು. ನೋಡುತ್ತಿದ್ದಂತೆ ಮೂವತ್ತನಾಲ್ಕಾಯಿತು.

ಅವರ ಬಲಗೈ ಹಿಡಿದು ಬೆರಳಿಟ್ಟು ನಾಡಿ ನೋಡಿದೆ. ಬಡಿತ ಚೆನ್ನಾಗಿಯೇ ಇತ್ತು, ಒಂದೂ ತಪ್ಪುತ್ತಿರಲಿಲ್ಲ. ಮುಖದಲ್ಲಿ ಆಯಾಸವಿಲ್ಲ, ಉಗುರಿನಲ್ಲಿ ಅವರೆ ಸಿಪ್ಪೆ ಅಂಟಿಸಿಕೊಂಡು, ಕಾಫಿಗೆ ಬೆಲ್ಲ ಕಮ್ಮಿಯಾಯಿತು ಎಂದರು. ನಾನು ಮಾತ್ರ ಅವರ ಮುಂದಿದ್ದ ಪಾತ್ರೆಯನ್ನು ಪಕ್ಕಕ್ಕೆ ಸರಿಸಿ, ಈಗಲೇ ಮೈಸೂರಿಗೆ ಹೋಗೋಣ ಎಂದೆ.

ನಮ್ಮ ಯಜಮಾನರಿಗೆ ಸಿಟ್ಟು. "ಆ ಕೈಲಿ ಬರಲ್ಲ ಅಂತ ಊರಿಗೆಲ್ಲ ಪಾಠ ಹೇಳಿದ್ದು ನೀನೇ ಅಲ್ವಾ?"

ಹೌದು ಎಂದೆ. ಆದರೂ ಕಾರು ತೆಗೆಯಿರಿ ಎಂದೆ. ಹುಣಸೂರು ದಾಟುವವರೆಗೂ ಅತ್ತೆ, ಸೊಸೆಗೆ ಅವರೆ ಹಿತುಕೋ ಕೆಲಸ ತಪ್ಪಿಸ್ಕೊಳ್ಳೋಕೆ ಒಂದು ನೆಪ ಬೇಕಿತ್ತು ಎಂದು ಹಂಗಿಸುತ್ತಲೇ ಇದ್ದರು. ಆ ಹೊತ್ತಿಗೆ ಎಡಗೈಯಲ್ಲಿ ಮತ್ತೆ ಗೆರೆಗಳು ಬಂದಿದ್ದವು. ವಾಪಸ್ಸು ತಿರುಗೋಣವೇ ಎಂದು ಇವರು ಕೇಳಿದರು. ನಾನು ತಲೆಯಾಡಿಸಿ ಬೇಡವೆಂದೆ.

ಆಸ್ಪತ್ರೆಯಲ್ಲಿ ಎದೆಗೆ ವೈರುಗಳನ್ನು ಅಂಟಿಸಿ ಮಲಗಿಸಿದ್ದರು. ನರ್ಸಿನ ಜೊತೆ ಮಾತಾಡುತ್ತಿದ್ದ ಅತ್ತೆಯ ಮಾತು ನಡುವೆಯೇ ನಿಂತುಹೋಯಿತು. ಪರದೆಯ ಮೇಲೆ ಕುಣಿಯುತ್ತಿದ್ದ ಗೆರೆ ಚಪ್ಪಟೆಯಾಗಿ ಸಾಗತೊಡಗಿತು. ಓಡಿಬಂದವರು ಎದೆ ಒತ್ತಿದರು, ಬಡಿತ ಮರಳಿತು. ಅಂದೇ ಪೇಸ್‌ಮೇಕರ್ ಹಾಕಿದರು. ಮನೆಯಲ್ಲಿ ಹೀಗಾಗಿದ್ದರೆ ಏನೂ ಮಾಡಲು ಆಗುತ್ತಿರಲಿಲ್ಲ ಎಂದರು ಡಾಕ್ಟರು. ವಾಚಿನ ವಿಷಯ ಹೇಳಿದಾಗ ಅತ್ತೆಯ ಎಡಗೈ ತಿರುಗಿಸಿ ನೋಡಿ, ಇಲ್ಲಿ ಅದು ತೋರಿಸಿದ್ದು ಬರೀ ಸುಳ್ಳಿರಬೇಕು ಎಂದರು.

ಇರಬಹುದು. ಆಮೇಲೆ ಆ ಕೈಗೆ ಎಷ್ಟೋ ಸಲ ಕಟ್ಟಿ ನೋಡಿದ್ದೇನೆ, ಒಣಗಿದಾಗ, ಒದ್ದೆಯಾದಾಗ, ಬಿಸಿಲಿನಲ್ಲಿ, ನೆರಳಿನಲ್ಲಿ. ಗೆರೆಗಳನ್ನು ಬಿಟ್ಟು ಬೇರೇನೂ ಬಂದಿಲ್ಲ. ಬಲಗೈಯಲ್ಲಿ ನನ್ನ ಬೆರಳಿಗೆ ಸಿಕ್ಕಿದ ಬಡಿತ ನಿಜವೇ ಆಗಿದ್ದರೆ ಎಡಗೈಯಲ್ಲಿ ಬಂದ ಮೂವತ್ತಾರು ಯಾವುದರದ್ದು? ಗೊತ್ತಿಲ್ಲ.

ಮೊನ್ನೆ ಅತ್ತೆಯೇ ಕೇಳಿದರು. "ಆ ಕೈದು ಸುಳ್ಳು ಅಂತ ನೂರು ಸಲ ಅಂದೋಳು ನೀನೇ. ನಿನ್ ಬೆರಳೂ ಸರಿಯಾಗೇ ಅದೆ ಅಂದಿತ್ತು. ಅಂಗಿದ್ ಮ್ಯಾಕೆ ಅವತ್ತು ಯಾಕವ್ವ ಎಬ್ಬಿಸ್ದೆ?"

ಆ ಸಂಖ್ಯೆ ಎಲ್ಲಿಂದ ಬಂತು ಎನ್ನುವುದಕ್ಕಿಂತ, ಸುಳ್ಳೆಂದು ನಾನೇ ತೀರ್ಮಾನಿಸಿದ್ದನ್ನು ನಾನೇ ಏಕೆ ನಂಬಿದೆ ಎನ್ನುವುದು ನನಗೆ ಇನ್ನೂ ಅರ್ಥವಾಗಿಲ್ಲ.

"ಗೊತ್ತಿಲ್ಲ ಅತ್ತೆ," ಎಂದೆ.

"ಗೊತ್ತಿಲ್ದೇನೇ ಹೊಂಟ್ಯಲ್ಲ," ಎಂದು ಅವರು ಎದ್ದು ಕೊಟ್ಟಿಗೆಯ ಕಡೆ ನಡೆದರು. "ಸಾಕು ಬುಡು."